ಮಾಡೆಲಿಂಗ್‌ನಿಂದ ನಟನೆಗೆ, ಅಲ್ಲಿಂದ ನಿರ್ದೇಶನಕ್ಕೆ: 26ಕ್ಕೆ ತಡವಾಯಿತೇ?

ಪ್ರಶ್ನೆ: ನನಗೆ 26 ವರ್ಷ. ಊರು ದಾವಣಗೆರೆ, ಈಗ ಬೆಂಗಳೂರಿನಲ್ಲಿದ್ದೇನೆ. ಕಾಲೇಜು ಮುಗಿದಾಗಿನಿಂದ ಮಾಡೆಲಿಂಗ್ ಮಾಡುತ್ತಿದ್ದೇನೆ. ಸೀರೆ ಅಂಗಡಿಗಳ ಕ್ಯಾಟಲಾಗ್, ಒಡವೆ ಅಂಗಡಿಗಳ ಹೋರ್ಡಿಂಗ್, ಆಗೊಮ್ಮೆ ಈಗೊಮ್ಮೆ ರ‍್ಯಾಂಪ್ ಶೋ. ಈಚೆಗೆ ಒಂದು ಧಾರಾವಾಹಿಯಲ್ಲಿ ಸಣ್ಣ ಪಾತ್ರ ಸಿಕ್ಕಿತ್ತು. ನಿರ್ದೇಶಕರು ಮತ್ತೆ ಮತ್ತೆ "ಪೋಸ್ ಕೊಡಬೇಡಮ್ಮ, ಮಾತಾಡು" ಎನ್ನುತ್ತಿದ್ದರು. ಕೆಲವೇ ಎಪಿಸೋಡಿಗೆ ನನ್ನ ಪಾತ್ರ ಮುಗಿಸಿಬಿಟ್ಟರು. ನನ್ನ ಮಾತಿನ ಊರ ಧಾಟಿಯೂ ಅಡ್ಡಿ ಅಂತಾರೆ. ಆದರೆ ನನ್ನ ಮನಸ್ಸಿರುವುದು ನಿರ್ದೇಶನದ ಮೇಲೆ. ನಮ್ಮತ್ತೆ ಬ್ಲೌಸ್ ಹೊಲಿಯುವ ಅಂಗಡಿ ಇಟ್ಟುಕೊಂಡಿದ್ದರು, ಅದರ ಸುತ್ತ ಒಂದು ಕಥೆ ತಲೆಯಲ್ಲಿದೆ. ಮಾಡೆಲಿಂಗ್ ಬಿಟ್ಟುಬಿಡಲೇ? ನಟಿಯಾದ ಮೇಲೆಯೇ ನಿರ್ದೇಶನಕ್ಕೆ ಕೈಹಾಕಬೇಕೆ? ತಡವಾಯಿತೇ?

ಉತ್ತರ: ತಡವಾಗಿಲ್ಲ. ಮಾಡೆಲಿಂಗ್ ಸದ್ಯಕ್ಕೆ ಬಿಡಬೇಡಿ. ನಟಿಯಾಗದೆ ನಿರ್ದೇಶಕಿಯಾಗಬಾರದು ಎಂಬ ನಿಯಮವೇನೂ ಇಲ್ಲ, ಆದರೆ ನಿಮ್ಮ ಮಟ್ಟಿಗೆ ನಟನೆಯ ಮೂಲಕ ಹೋಗುವುದು ಒಳ್ಳೆಯ ದಾರಿ ಎಂದೇ ನನಗನ್ನಿಸುತ್ತದೆ. ಯಾಕೆಂದು ಹೇಳುವ ಮುಂಚೆ ಆ "ಪೋಸ್ ಕೊಡಬೇಡಮ್ಮ" ಎಂಬ ಮಾತನ್ನು ಬಿಡಿಸಿಕೊಳ್ಳೋಣ. ಸೆಟ್ಟಿನಲ್ಲಿ ದಿನಕ್ಕಿಷ್ಟು ಸೀನ್ ಮುಗಿಸಲೇಬೇಕಾದ ನಿರ್ದೇಶಕರಿಗೆ ಅದಕ್ಕಿಂತ ಹೆಚ್ಚು ಹೇಳಲು ಪುರುಸೊತ್ತಿರುವುದಿಲ್ಲ. ಏನು ಮಾಡಬಾರದು ಎಂದು ನಿಮಗೆ ಗೊತ್ತಾಯಿತು, ಏನು ಮಾಡಬೇಕು ಎಂದು ಯಾರೂ ಹೇಳಲಿಲ್ಲ.

ಸ್ಟಿಲ್ ಫೋಟೊದಲ್ಲಿ ಭಾವ ತುದಿ ಮುಟ್ಟಿದ ಮೇಲೆ ಅಲ್ಲೇ ನಿಲ್ಲಬೇಕು. ಫೋಟೊಗ್ರಾಫರ್ ಕ್ಲಿಕ್ ಮಾಡುವ ಹೊತ್ತಿಗೆ ನಗು ಪೂರ್ತಿ ಅರಳಿರಬೇಕು, ಕತ್ತು ಬೇಕಾದ ಕೋನಕ್ಕೆ ಬಂದಿರಬೇಕು. ವರ್ಷಗಟ್ಟಲೆ ಇದನ್ನೇ ಮಾಡಿದವರು ಸೀನಿನಲ್ಲೂ ಹಾಗೇ ಮಾಡುತ್ತಾರೆ. ಎದುರಿನ ಅತ್ತೆ ಪಾತ್ರಧಾರಿ "ಎಲ್ಲಿಗೆ ಹೋಗಿದ್ದೆ?" ಎಂದು ಕೇಳುವ ಮೊದಲೇ ಮುಖದಲ್ಲಿ ಗಾಬರಿ ಸಿದ್ಧವಾಗಿರುತ್ತದೆ. ಪ್ರಶ್ನೆ ಬಿದ್ದಾಗ ಮುಖ ಬದಲಾಗುವುದಿಲ್ಲ, ಬದಲಾಗಲು ಅಲ್ಲಿ ಏನೂ ಉಳಿದಿರುವುದಿಲ್ಲ. ಸಿನಿಮಾ ಕ್ಯಾಮೆರಾಕ್ಕೆ ಬೇಕಾಗಿರುವುದು ಆ ಬದಲಾವಣೆಯೇ. ಸೀರಿಯಲ್ ಸೆಟ್ಟುಗಳಲ್ಲಿ ಪಕ್ಕದಿಂದ ಮಾತು ಓದಿ ಹೇಳಿಕೊಡುವ ಪ್ರಾಂಪ್ಟಿಂಗ್ ಬೇರೆ ಇರುತ್ತದೆ. ಕಿವಿ ಪ್ರಾಂಪ್ಟರ್ ಕಡೆ, ಕಣ್ಣು ಸಹನಟಿ ಕಡೆ. ಹೊಸಬರು ಎರಡರ ನಡುವೆ ಸಿಕ್ಕಿಕೊಂಡು ಮುಖವನ್ನು ಒಂದೇ ಸ್ಥಿತಿಯಲ್ಲಿ ಬಿಗಿಹಿಡಿದು ನಿಂತುಬಿಡುತ್ತಾರೆ. ನಿಮಗೂ ಅಲ್ಲಿ ಆಗಿದ್ದು ಇದೇ ಇರಬೇಕು.

ಇದು ತಿದ್ದಿಕೊಳ್ಳಬಹುದಾದ ಅಭ್ಯಾಸ. ಇದರಿಂದ ನಿಮಗೆ ನಟನೆ ಬರುವುದಿಲ್ಲ ಎಂದಾಗುವುದಿಲ್ಲ. ಮಾಡೆಲಿಂಗ್ ಕೊಟ್ಟಿರುವುದೂ ಕಡಿಮೆಯಲ್ಲ. ಬೆಳಕು ಯಾವ ಕಡೆಯಿಂದ ಬೀಳುತ್ತಿದೆ ಎಂದು ನೋಡದೆಯೇ ನಿಮ್ಮ ಕೆನ್ನೆಗೆ ಗೊತ್ತಾಗುತ್ತದೆ. ಹತ್ತಿರದ ಲೆನ್ಸ್‌ಗೂ ದೂರದ ಲೆನ್ಸ್‌ಗೂ ಮೈ ಎಷ್ಟು ಅಲ್ಲಾಡಬಹುದೆಂಬ ಅಂದಾಜಿದೆ. ಹೊಸ ನಟರು ನೆಲದ ಮೇಲೆ ಹಾಕಿದ ಮಾರ್ಕ್ ಮೇಲೆ ಸರಿಯಾಗಿ ನಿಲ್ಲುವುದನ್ನು ಕಲಿಯುವುದಕ್ಕೇ ಒಂದು ಶೆಡ್ಯೂಲ್ ಕಳೆಯುತ್ತಾರೆ, ನಿಮಗೆ ಆ ಕಷ್ಟವಿಲ್ಲ. ಮುಂದೆ ಕ್ಯಾಮೆರಾಮನ್ ಜೊತೆ ಕೂತು ಶಾಟ್ ಮಾತಾಡುವಾಗ ಈ ತಿಳಿವಳಿಕೆ ಕೈಹಿಡಿಯುತ್ತದೆ.

ಈಗ ವಯಸ್ಸಿನ ಮಾತು. ನನ್ನ ತರಗತಿಗೆ ಮಾಡೆಲಿಂಗ್‌ನಿಂದ ಬರುವವರಿಗೆಲ್ಲ ನಾನು ಅಮೆರಿಕದ ನಟಿ ಆಂಜೆಲಿಕಾ ಹ್ಯೂಸ್ಟನ್ ಅವರ ದಾರಿಯನ್ನು ವಿವರವಾಗಿ ಹೇಳುತ್ತೇನೆ. ಹಾಲಿವುಡ್ ದೊಡ್ಡ ಮನೆತನದ ಮಗಳು, ನಮಗೂ ಅವಳಿಗೂ ಎಲ್ಲಿಯ ಹೋಲಿಕೆ ಅನ್ನಬೇಡಿ. ಆ ಮನೆತನ ಅವರಿಗೆ ಬಾಗಿಲನ್ನು ತೀರಾ ಬೇಗ ತೆರೆಯಿತು, ಅದರಿಂದಲೇ ಪೆಟ್ಟೂ ಬಿತ್ತು. ಹುಟ್ಟಿದ್ದು 1951ರಲ್ಲಿ, ಬೆಳೆದದ್ದು ಹೆಚ್ಚಾಗಿ ಐರ್ಲೆಂಡಿನಲ್ಲಿ. ತಂದೆ ಜಾನ್ ಹ್ಯೂಸ್ಟನ್ ಹೆಸರಾಂತ ನಿರ್ದೇಶಕ. ಮಗಳಿನ್ನೂ ಹದಿಹರೆಯದಲ್ಲಿರುವಾಗಲೇ ತಮ್ಮ ಒಂದು ಚಿತ್ರಕ್ಕೆ ಅವಳನ್ನು ನಾಯಕಿ ಮಾಡಿಬಿಟ್ಟರು. ಚಿತ್ರೀಕರಣದಲ್ಲಿ ಅಪ್ಪ ಮಗಳಿಗೆ ಹೊಂದಿಕೆಯಾಗಲಿಲ್ಲ. 1969ರಲ್ಲಿ ಚಿತ್ರ ಬಿಡುಗಡೆಯಾದಾಗ ವಿಮರ್ಶಕರು ಹುಡುಗಿಯನ್ನು ಕಟುವಾಗಿ ಟೀಕಿಸಿದರು. ಅದೇ ವರ್ಷ ತಾಯಿ ಕಾರು ಅಪಘಾತದಲ್ಲಿ ತೀರಿಕೊಂಡರು.

ಆಮೇಲೆ ಅವರು ನ್ಯೂಯಾರ್ಕಿಗೆ ಹೋಗಿ ಮಾಡೆಲ್ ಆದರು. ರಿಚರ್ಡ್ ಅವೆಡಾನ್, ಬಾಬ್ ರಿಚರ್ಡ್‌ಸನ್ ಅಂಥವರು ಅವರ ಫೋಟೊ ತೆಗೆದರು, ಚಿತ್ರಗಳು ವೋಗ್ ಎಂಬ ಫ್ಯಾಷನ್ ಪತ್ರಿಕೆಯಲ್ಲಿ ಬಂದವು. ಹಾಲ್ಸ್‌ಟನ್ ವಿನ್ಯಾಸದ ಬಟ್ಟೆ ತೊಟ್ಟು ರ‍್ಯಾಂಪ್ ಮೇಲೆ ನಡೆದರು. ಆ ಕಾಲ ಮೆಚ್ಚುತ್ತಿದ್ದ ಮುದ್ದು ಮುಖ ಅವರದಲ್ಲ. ಉದ್ದ ಮೂಗು, ಎತ್ತರದ ಆಳು. ಆದರೂ ಹೆಸರು ಮಾಡಿದರು. 1973ರ ಹೊತ್ತಿಗೆ ಲಾಸ್ ಏಂಜಲಿಸ್‌ಗೆ ಬಂದು, ನಟ ಜ್ಯಾಕ್ ನಿಕಲ್ಸನ್ ಜೊತೆಗಿದ್ದರು. ಮುಂದಿನ ಏಳೆಂಟು ವರ್ಷ ಅವರ ಹೆಸರಿನಲ್ಲಿ ಲೆಕ್ಕಕ್ಕೆ ಬರುವಂಥ ಪಾತ್ರವೇ ಇಲ್ಲ. ಜನ ಅವರನ್ನು ಗುರುತಿಸುತ್ತಿದ್ದದ್ದು ಇಂಥವರ ಮಗಳು, ಇಂಥವರ ಗೆಳತಿ ಎಂದು.

ತಿರುವು ಬಂದದ್ದು ಮೂವತ್ತರ ಹತ್ತಿರ. ಒಂದು ಕಾರು ಅಪಘಾತದಲ್ಲಿ ಮೂಗು ಒಡೆದು ಶಸ್ತ್ರಚಿಕಿತ್ಸೆಯಾಯಿತು. ಚೇತರಿಸಿಕೊಂಡ ಮೇಲೆ ತಮ್ಮದೇ ಮನೆ ಮಾಡಿಕೊಂಡರು, ಪೆಗಿ ಫ್ಯೂರಿ ಎಂಬ ಶಿಕ್ಷಕಿಯ ನಟನಾ ತರಗತಿಗೆ ಸೇರಿದರು. ಇದನ್ನು ನೀವು ಗಮನಿಸಬೇಕು. ವೋಗ್ ಪತ್ರಿಕೆಯಲ್ಲಿ ಮಿಂಚಿದ್ದ, ಒಮ್ಮೆ ನಾಯಕಿಯೂ ಆಗಿದ್ದ ಹೆಣ್ಣುಮಗಳು ತನಗಿಂತ ಚಿಕ್ಕವರ ಜೊತೆ ತರಗತಿಯಲ್ಲಿ ಕೂತು ಮೊದಲಿನಿಂದ ಕಲಿಯಲು ಒಪ್ಪಿದರು. ಸಣ್ಣ ಪುಟ್ಟ ಪಾತ್ರಗಳನ್ನೂ ಮಾಡಿದರು. 1981ರಲ್ಲಿ ನಿಕಲ್ಸನ್ ನಾಯಕರಾಗಿದ್ದ ಚಿತ್ರವೊಂದರಲ್ಲಿ ಕ್ರೂರಮೃಗಗಳನ್ನು ಪಳಗಿಸುವ ಹೆಂಗಸಿನ ಪಾತ್ರ, ಪರದೆಯ ಮೇಲೆ ಕೆಲವೇ ನಿಮಿಷ.

1985ರಲ್ಲಿ ಬಂದದ್ದು 'ಪ್ರಿಜ್ಜೀಸ್ ಆನರ್'. ಮತ್ತೆ ಅಪ್ಪನದೇ ನಿರ್ದೇಶನ, ನಾಯಕ ನಿಕಲ್ಸನ್. ನಿರ್ಮಾಪಕರ ಕಡೆಯವರಿಗೆ ಅವರ ಬಗ್ಗೆ ಒಳ್ಳೆಯ ಅಭಿಪ್ರಾಯ ಇರಲಿಲ್ಲ. ಅಪ್ಪ ನಿರ್ದೇಶಕ, ಗೆಳೆಯ ನಾಯಕ ಎಂಬ ಕಾರಣಕ್ಕಷ್ಟೇ ಇವರ ಹೆಸರು ಬಂದಿದೆ ಎಂದು ಅವರು ಆಡಿಕೊಂಡದ್ದನ್ನು ಆಂಜೆಲಿಕಾ ಮುಂದೆ ಆತ್ಮಕಥೆಯಲ್ಲಿ ಬರೆದಿದ್ದಾರೆ. ಪಾತ್ರದ ಹೆಸರು ಮೇರೋಸ್, ಬ್ರೂಕ್ಲಿನ್ ಮಾಫಿಯಾ ಮನೆತನದ ಹೆಣ್ಣು. ಐರ್ಲೆಂಡಿನಲ್ಲಿ ಬೆಳೆದವರು ಇಟಾಲಿಯನ್ ಮೂಲದ ಬ್ರೂಕ್ಲಿನ್‌ನವರ ಮಾತನ್ನು ನಾಲಿಗೆಗೆ ಹತ್ತಿಸಿಕೊಳ್ಳಬೇಕಿತ್ತು. ಆ ಪಾತ್ರಕ್ಕೆ 1986ರಲ್ಲಿ ಅತ್ಯುತ್ತಮ ಪೋಷಕ ನಟಿ ಆಸ್ಕರ್ ಬಂತು. ಅಜ್ಜ ವಾಲ್ಟರ್, ಅಪ್ಪ ಜಾನ್, ಮೊಮ್ಮಗಳು ಆಂಜೆಲಿಕಾ, ಹೀಗೆ ಮೂರು ತಲೆಮಾರಿಗೆ ಆಸ್ಕರ್ ಬಂದ ಮೊದಲ ಕುಟುಂಬ ಅವರದು. ಮೊದಲ ಚಿತ್ರಕ್ಕೂ ಈ ಚಿತ್ರಕ್ಕೂ ನಿರ್ದೇಶಕ ಒಬ್ಬರೇ ಎಂಬುದನ್ನು ಮರೆಯಬೇಡಿ. ನಡುವಿನ ವರ್ಷಗಳಲ್ಲಿ ಬದಲಾದದ್ದು ನಟಿ.

ಆ ಪಾತ್ರವನ್ನು ಧ್ವನಿ ಪೂರ್ತಿ ಆರಿಸಿ ಒಮ್ಮೆ ನೋಡಿ. ದೇಹದ ಮೇಲೆ ಮಾಡೆಲಿನ ಹಿಡಿತ ಹಾಗೇ ಇದೆ. ಕೋಣೆಗೆ ಬರುವ ರೀತಿ, ಭುಜದ ನಿಲುವು, ಬಟ್ಟೆಯನ್ನು ಹೊತ್ತುಕೊಳ್ಳುವ ಗತ್ತು, ಎಲ್ಲ ರ‍್ಯಾಂಪಿನಿಂದ ಬಂದದ್ದೇ. ಆದರೆ ಎದುರಿನವರು ಮಾತಾಡುವಾಗ ಮುಖದಲ್ಲಿ ಒಂದಾದ ಮೇಲೊಂದು ಲೆಕ್ಕಾಚಾರ ಓಡುತ್ತದೆ. ನಿಮ್ಮ ಹಳೆಯ ವಿದ್ಯೆಯನ್ನು ಎಸೆಯಬೇಕಾಗಿಲ್ಲ ಎಂದು ನಾನು ಹೇಳುವುದು ಇದನ್ನು ನೋಡಿಯೇ.

ನಿರ್ದೇಶನಕ್ಕೆ ಅವರು ಬಂದದ್ದು ಇನ್ನೂ ಹತ್ತು ವರ್ಷ ಕಳೆದ ಮೇಲೆ, 1996ರಲ್ಲಿ. ಡೊರೊಥಿ ಆಲಿಸನ್ ಅವರ ಕಾದಂಬರಿ ಆಧರಿಸಿದ 'ಬಾಸ್ಟರ್ಡ್ ಔಟ್ ಆಫ್ ಕ್ಯಾರೊಲಿನಾ', ಮಲತಂದೆಯ ಕೈಯಲ್ಲಿ ನಲುಗುವ ಬಡ ಹುಡುಗಿಯೊಬ್ಬಳ ಕಥೆ. ಜೀನಾ ಮೆಲೋನ್ ಎಂಬ ಪುಟ್ಟ ಹುಡುಗಿ ಮುಖ್ಯ ಪಾತ್ರದಲ್ಲಿದ್ದಳು. ಟೆಡ್ ಟರ್ನರ್ ಅವರ ಟಿಎನ್‌ಟಿ ವಾಹಿನಿಗೆಂದು ಮಾಡಿದ ಚಿತ್ರ ಅದು. ತೀರಾ ಉಗ್ರವಾಗಿದೆ ಎಂದು ಟರ್ನರ್ ಪ್ರಸಾರಕ್ಕೆ ಒಪ್ಪಲಿಲ್ಲ. ಕಾನ್ ಚಿತ್ರೋತ್ಸವದಲ್ಲಿ ತೋರಿಸಿದರು, ವರ್ಷದ ಕೊನೆಗೆ ಶೋಟೈಮ್ ವಾಹಿನಿ ಪ್ರಸಾರ ಮಾಡಿತು, ನಿರ್ದೇಶನಕ್ಕೆ ಅಮೆರಿಕದ ಟಿವಿ ಪ್ರಶಸ್ತಿಯಾದ ಎಮ್ಮಿಗೆ ನಾಮನಿರ್ದೇಶನವೂ ಬಂತು. ಆ ಚಿತ್ರದಲ್ಲಿ ಆಂಜೆಲಿಕಾ ನಟಿಸಲಿಲ್ಲ. ಎರಡನೆಯ ಚಿತ್ರ 'ಆಗ್ನೆಸ್ ಬ್ರೌನ್' (1999), ಏಳು ಮಕ್ಕಳ ವಿಧವೆಯೊಬ್ಬಳ ಡಬ್ಲಿನ್ ಕಥೆ. ಅದರಲ್ಲಿ ನಿರ್ದೇಶನದ ಜೊತೆಗೆ ಮುಖ್ಯ ಪಾತ್ರವನ್ನೂ ಹೊತ್ತರು. ನನ್ನ ಕಣ್ಣಿಗೆ ಮೊದಲನೆಯದೇ ಗಟ್ಟಿ ಚಿತ್ರ. ಎರಡನೆಯದರಲ್ಲಿ ಅವರೇ ಫ್ರೇಮಿನಲ್ಲಿರುವ ಹಲವು ದೃಶ್ಯಗಳು ಹೊರಗೆ ನಿಂತು ನೋಡುವ ಒಂದು ಕಣ್ಣಿಗಾಗಿ ಕಾಯುತ್ತಿರುವಂತೆ ಕಾಣುತ್ತವೆ. ನಿಮ್ಮ ಮೊದಲ ಚಿತ್ರದಲ್ಲಿ ನೀವು ನಟಿಸಬೇಡಿ ಎಂದು ನಾನು ಒತ್ತಿ ಹೇಳುವುದಕ್ಕೆ ಇದೂ ಒಂದು ಕಾರಣ.

ನಮ್ಮ ದೇಶದಲ್ಲಿ ನನಗೆ ತುಂಬ ಇಷ್ಟವಾದ ಉದಾಹರಣೆ ಬಂಗಾಳದ ನಟಿ, ನಿರ್ದೇಶಕಿ ಅಪರ್ಣಾ ಸೇನ್. ಅವರು ವೃತ್ತಿಯಿಂದ ಮಾಡೆಲ್ ಆಗಿರಲಿಲ್ಲ, ಆದರೆ ಜಗತ್ತು ಅವರ ಮುಖವನ್ನು ಮೊದಲು ನೋಡಿದ್ದು ಒಂದು ಸ್ಟಿಲ್ ಫೋಟೊದಲ್ಲಿ. 1960ರಲ್ಲಿ ನ್ಯೂಜಿಲೆಂಡಿನ ಫೋಟೊಗ್ರಾಫರ್ ಬ್ರಯಾನ್ ಬ್ರೇಕ್ ಭಾರತದ ಮಳೆಗಾಲದ ಮೇಲೆ ಚಿತ್ರಮಾಲೆ ಮಾಡುತ್ತಿದ್ದರು. ಹದಿನಾಲ್ಕರ ಹುಡುಗಿಯನ್ನು ಕೋಲ್ಕತ್ತದ ಒಂದು ತಾರಸಿಗೆ ಕರೆದುಕೊಂಡು ಹೋಗಿ, ಹಳ್ಳಿ ಹುಡುಗಿಯ ಹಾಗೆ ಕೆಂಪು ಸೀರೆ ಉಡಿಸಿ, ಮೂಗಿಗೆ ಹಸಿರು ನತ್ತು ಇಡಲು ಹೇಳಿದರು. ಸೀರೆಗೆ ಹೊಂದುತ್ತದಲ್ಲ, ಕೆಂಪು ನತ್ತು ಇಡೋಣ ಎಂದಳು ಹುಡುಗಿ. ಬೇಡ, ಹಸಿರೇ ಇರಲಿ ಎಂದರು ಬ್ರೇಕ್. ಮೂಗು ಚುಚ್ಚಿಸಿರಲಿಲ್ಲ, ಹಾಗಾಗಿ ನತ್ತನ್ನು ಅಂಟಿನಲ್ಲಿ ಅಂಟಿಸಿದರು. ಗಿಡಕ್ಕೆ ನೀರು ಹಾಕುವ ಕ್ಯಾನಿನಿಂದ ಮೇಲಿಂದ ಮಳೆ ಸುರಿಸಿದರು. ಅರ್ಧ ಗಂಟೆಯ ಕೆಲಸ ಎಂದು ಅಪರ್ಣಾ ನೆನಪಿಸಿಕೊಂಡಿದ್ದಾರೆ. ಆ ಚಿತ್ರ ಲೈಫ್ ಪತ್ರಿಕೆಯಲ್ಲಿ ಬಂದು ಹೆಸರಾಯಿತು.

ಚಿತ್ರ ಸಿಕ್ಕರೆ ನೋಡಿ. ಕೆಂಪು ಸೀರೆ, ಒದ್ದೆ ಮುಖ, ಕಣ್ಣು ಮುಚ್ಚಿಕೊಂಡಿದ್ದಾಳೆ, ನಡುವೆ ಹಸಿರಿನ ಒಂದು ಚುಕ್ಕೆ. ಆ ನತ್ತು ಕೆಂಪಾಗಿದ್ದರೆ ನಮ್ಮ ನೋಟ ಅಲ್ಲಿ ನಿಲ್ಲುತ್ತಿರಲಿಲ್ಲ. ಮಾಡೆಲ್ ಹೊಂದುವುದನ್ನು ಕೇಳಿದಳು, ಫೋಟೊಗ್ರಾಫರ್ ಎದ್ದು ಕಾಣುವುದನ್ನು ಕೇಳಿದ. ನಿರ್ದೇಶಕರ ಕೆಲಸದ ಬಹುಪಾಲು ಇಂಥ ತೀರ್ಮಾನಗಳೇ. ಇಂಥದ್ದು ನೀವು ನಿಂತಲ್ಲೇ ದಿನಾ ನಡೆಯುತ್ತಿರುತ್ತದೆ. ಕ್ಯಾಟಲಾಗ್ ಶೂಟಿನಲ್ಲಿ ಒಂದು ಸೀರೆಗೆ ಯಾವ ಹಿನ್ನೆಲೆ ಪರದೆ, ಜರಿ ಮಿಂಚದಂತೆ ಬೆಳಕನ್ನು ಹೇಗೆ ತಗ್ಗಿಸಿದರು, ಯಾವ ಬಳೆಯನ್ನು ತೆಗೆಸಿದರು, ಯಾಕೆ? ಸ್ಟೈಲಿಸ್ಟ್‌ಗೂ ಫೋಟೊಗ್ರಾಫರ್‌ಗೂ ಮಾತು ನಡೆಯುವಾಗ ಮೊಬೈಲ್ ಒಳಗಿಟ್ಟು ಕೇಳಿಸಿಕೊಳ್ಳಿ. ಬಿಡುವಿದ್ದಾಗ ವಿಚಾರಿಸಿ. ಮಾಡೆಲಿಂಗ್ ಬಿಡಬೇಡಿ ಎಂದೆನಲ್ಲ, ದುಡ್ಡಿಗಿಂತ ಹೆಚ್ಚಾಗಿ ಇದಕ್ಕೆ.

ಮರುವರ್ಷವೇ, 1961ರಲ್ಲಿ, ಸತ್ಯಜಿತ್ ರಾಯ್ ಅವರ 'ತೀನ್ ಕನ್ಯಾ' ಚಿತ್ರದ ಒಂದು ಭಾಗದಲ್ಲಿ ಅಪರ್ಣಾ ನಟಿಸಿದರು. ಮುಂದೆ ಬಂಗಾಳಿ ಜನಪ್ರಿಯ ಚಿತ್ರಗಳ ಬೇಡಿಕೆಯ ನಾಯಕಿಯಾದರು. ತಾವೇ ಒಂದು ಚಿತ್ರಕಥೆ ಬರೆದು ರಾಯ್ ಅವರಿಗೆ ತೋರಿಸಿದರು, ಅವರು ಮೆಚ್ಚಿ ಧೈರ್ಯ ತುಂಬಿದರು. ಶಶಿ ಕಪೂರ್ ನಿರ್ಮಾಣಕ್ಕೆ ಮುಂದೆ ಬಂದರು. '36 ಚೌರಂಗಿ ಲೇನ್' 1981ರಲ್ಲಿ ತೆರೆಕಂಡಿತು, ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಪಡೆಯಿತು. ಮೊದಲ ಪಾತ್ರದಿಂದ ಮೊದಲ ನಿರ್ದೇಶನಕ್ಕೆ ಇಪ್ಪತ್ತು ವರ್ಷ. ಅಷ್ಟು ಹೆಸರಿದ್ದ ತಾರೆ ತಮ್ಮ ಮೊದಲ ಚಿತ್ರಕ್ಕೆ ಆರಿಸಿಕೊಂಡದ್ದು ಯಾರ ಕಣ್ಣಿಗೂ ಬೀಳದ ಒಬ್ಬ ವಯಸ್ಸಾದ ಆಂಗ್ಲೋ ಇಂಡಿಯನ್ ಟೀಚರಮ್ಮನ ಒಂಟಿತನವನ್ನು. ಆ ಪಾತ್ರ ಮಾಡಿದ್ದು ಜೆನಿಫರ್ ಕೆಂಡಲ್. ಇಲ್ಲೂ ನಿರ್ದೇಶಕಿ ಮುಖ್ಯ ಪಾತ್ರವನ್ನು ತಾನೇ ಇಟ್ಟುಕೊಳ್ಳಲಿಲ್ಲ.

ನಿಮಗೂ ಇಪ್ಪತ್ತು ವರ್ಷ ಕಾಯಿರಿ ಎಂದು ಹೇಳುತ್ತಿಲ್ಲ. ಕಾಲ ಬದಲಾಗಿದೆ, ಕ್ಯಾಮೆರಾ ಅಗ್ಗವಾಗಿದೆ. ಕಲಿಯುವ ಒಂದು ದಾರಿಯನ್ನು ಹಾಲಿವುಡ್ ನಟಿ ರಾಬಿನ್ ರೈಟ್ ತೋರಿಸಿದ್ದಾರೆ. ಹದಿಹರೆಯದಲ್ಲಿ ಮಾಡೆಲ್ ಆಗಿದ್ದವರು, 1980ರ ದಶಕದಲ್ಲಿ 'ಸಾಂತಾ ಬಾರ್ಬರಾ' ಎಂಬ ದಿನದ ಧಾರಾವಾಹಿಯಲ್ಲಿ ಪಳಗಿದವರು. ನಿರ್ದೇಶನ ಶುರುಮಾಡಿದ್ದು ತಾವೇ ನಟಿಸುತ್ತಿದ್ದ 'ಹೌಸ್ ಆಫ್ ಕಾರ್ಡ್ಸ್' ಸರಣಿಯ ಎರಡನೆಯ ಸೀಸನ್ನಿನಲ್ಲಿ. ಸೆಟ್ಟಿನ ಪ್ರತಿಯೊಬ್ಬರೂ ಪರಿಚಿತರು, ಪಾತ್ರಗಳು ಕರಗತ. ಅಲ್ಲಿ ಎಪಿಸೋಡಿನ ಮೇಲೆ ಎಪಿಸೋಡ್ ಮಾಡಿ ಕೈ ಕುದುರಿಸಿಕೊಂಡ ಮೇಲೆ 2021ರಲ್ಲಿ 'ಲ್ಯಾಂಡ್' ಎಂಬ ತಮ್ಮ ಮೊದಲ ಚಿತ್ರ ತಂದರು. ಧಾರಾವಾಹಿಯನ್ನು ನಮ್ಮಲ್ಲಿ ಕೀಳಾಗಿ ಕಾಣುವವರಿದ್ದಾರೆ, ನೀವು ಹಾಗೆ ಕಾಣಬೇಡಿ. ಮತ್ತೊಂದು ಪಾತ್ರ ಸಿಕ್ಕರೆ ನಿಮ್ಮ ಸೀನ್ ಮುಗಿದ ಮೇಲೆ ಮೇಕಪ್ ರೂಮಿಗೆ ಓಡದೆ ಮಾನಿಟರ್ ಹತ್ತಿರ ನಿಲ್ಲಲು ಅಸೋಸಿಯೇಟ್ ನಿರ್ದೇಶಕರ ಅನುಮತಿ ಕೇಳಿ. ಇಡೀ ಸೀನ್ ಹಿಡಿಯುವ ಮಾಸ್ಟರ್ ಶಾಟ್ ಎಲ್ಲಿಂದ ಇಟ್ಟರು, ಒಬ್ಬರ ಭುಜದ ಮೇಲಿಂದ ಇನ್ನೊಬ್ಬರನ್ನು ತೋರಿಸುವ ಸಜೆಷನ್ ಶಾಟ್ ಯಾಕೆ ಬೇಕಾಯಿತು, ಯಾವ ಮಾತಿಗೆ ಕ್ಲೋಸಪ್ಪಿಗೆ ಹೋದರು ಎಂದು ಬರೆದಿಟ್ಟುಕೊಂಡು, ಪ್ರಸಾರವಾದಾಗ ಎಡಿಟ್ ಮಾಡಿದವರು ಯಾವುದನ್ನು ಬಳಸಿದ್ದಾರೆ ಎಂದು ತಾಳೆ ನೋಡಿ.

ಧ್ವನಿಯ ವಿಚಾರ. ಮಾಡೆಲಿಂಗ್ ಕಲಿಸದೇ ಇರುವುದು ಇದೊಂದೇ ದೊಡ್ಡ ಸಂಗತಿ. ಬೆಂಗಳೂರಿನಲ್ಲೇ ಬೆಳೆದ ದೀಪಿಕಾ ಪಡುಕೋಣೆ ಮಾಡೆಲಿಂಗ್‌ನಿಂದ ಬಂದು 2006ರಲ್ಲಿ ಇಂದ್ರಜಿತ್ ಲಂಕೇಶ್ ಅವರ 'ಐಶ್ವರ್ಯಾ'ದಲ್ಲಿ ನಾಯಕಿಯಾದರು. ಮರುವರ್ಷ 'ಓಂ ಶಾಂತಿ ಓಂ' ಅವರನ್ನು ದೇಶಕ್ಕೆಲ್ಲ ಪರಿಚಯಿಸಿತು. ಆ ಚಿತ್ರದಲ್ಲಿ ಕೇಳುವ ಧ್ವನಿ ಅವರದಲ್ಲ, ಡಬ್ಬಿಂಗ್ ಕಲಾವಿದೆ ಮೋನಾ ಘೋಷ್ ಶೆಟ್ಟಿಯವರದು. ದೀಪಿಕಾ ಮುಂದೆ ಏನಾದರು ಎಂಬುದು ನಿಮಗೇ ಗೊತ್ತು, ಸ್ವಂತ ಧ್ವನಿಯಲ್ಲಿ ಮಾತಾಡತೊಡಗಿದ ಮೇಲೆಯೇ ಅವರ ಪಾತ್ರಗಳಿಗೆ ತೂಕ ಬಂತು ಎಂದು ನಾನು ನಂಬಿದ್ದೇನೆ. ಈಗ ಸಿಂಕ್ ಸೌಂಡ್, ಅಂದರೆ ಚಿತ್ರೀಕರಣದಲ್ಲೇ ಧ್ವನಿ ಹಿಡಿಯುವ, ಚಿತ್ರಗಳು ಹೆಚ್ಚುತ್ತಿವೆ, ಬೇರೆಯವರ ಗಂಟಲನ್ನು ನೆಚ್ಚಿಕೊಳ್ಳುವಂತಿಲ್ಲ.

ಆದರೆ ನಿಮ್ಮ ದಾವಣಗೆರೆ ಧಾಟಿಯನ್ನು ಮಾತ್ರ ಅಳಿಸಿಕೊಳ್ಳಬೇಡಿ. ಅದನ್ನು ಇಟ್ಟುಕೊಂಡೇ ಬೆಂಗಳೂರು, ಮೈಸೂರು ಕಡೆಯ ಮಾತನ್ನು ಎರಡನೆಯದಾಗಿ ಕಲಿಯಿರಿ. ಎರಡರ ನಡುವೆ ಬೇಕೆಂದಾಗ ಓಡಾಡಬಲ್ಲ ನಟಿಯನ್ನು ನಿರ್ದೇಶಕರು ಹುಡುಕುತ್ತಿರುತ್ತಾರೆ. ಇದಕ್ಕೆ ರಂಗಭೂಮಿಯಷ್ಟು ಒಳ್ಳೆಯ ಜಾಗ ಇನ್ನೊಂದಿಲ್ಲ. ಹೆಗ್ಗೋಡಿನ ನೀನಾಸಂನಲ್ಲಿ 1980ರಿಂದ ರಂಗಶಿಕ್ಷಣ ಕೇಂದ್ರ ನಡೆಯುತ್ತಿದೆ. ಅಲ್ಲೇ ಉಳಿದು ಕಲಿಯಲು ಸಾಧ್ಯವಾದರೆ ಅದಕ್ಕೆ ನನ್ನ ಮೊದಲ ಓಟು. ಆಗದಿದ್ದರೆ ಬೆಂಗಳೂರಿನ ಯಾವುದಾದರೂ ಹವ್ಯಾಸಿ ತಂಡದ ಸಂಜೆ ತಾಲೀಮಿಗೆ ಹೋಗಿ, ಪಾತ್ರ ಸಿಗದಿದ್ದರೂ ಹೋಗಿ. ರಂಗಶಂಕರದಲ್ಲಿ ನಾಟಕ ನೋಡುವಾಗ ಮಾತಾಡುವವರನ್ನು ಬಿಟ್ಟು ಕೇಳಿಸಿಕೊಳ್ಳುವವರನ್ನು ನೋಡಿ. ಮನೆಯಲ್ಲಿ ಮಾಡಬಹುದಾದ ಅಭ್ಯಾಸವೂ ಒಂದಿದೆ. ಗೆಳತಿಯನ್ನು ಎದುರು ಕೂರಿಸಿ, ನಿಮಗೆ ಗೊತ್ತಿರದ ಐದಾರು ಪ್ರಶ್ನೆ ಕೇಳಲು ಹೇಳಿ. ಮೊಬೈಲಿನಲ್ಲಿ ನಿಮ್ಮ ಮುಖ ಮಾತ್ರ ರೆಕಾರ್ಡ್ ಆಗಲಿ. ಆಮೇಲೆ ಅದೇ ಪ್ರಶ್ನೆಗಳನ್ನು ಬರೆದುಕೊಂಡು ಸೀನಿನ ಹಾಗೆ ಮತ್ತೆ ಮಾಡಿ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದರೆ ಆ ನಿರ್ದೇಶಕರು ಹೇಳಿದ್ದು ಏನೆಂದು ನಿಮಗೇ ಕಾಣುತ್ತದೆ.

ಅತ್ತೆಯ ಅಂಗಡಿಯ ಕಥೆಯನ್ನು ದೊಡ್ಡ ಚಿತ್ರಕ್ಕೆಂದು ಕಾದಿರಿಸಬೇಡಿ. ಅಂಗಡಿಯಲ್ಲಿ ನಡೆಯುವ ಒಂದೇ ಮಧ್ಯಾಹ್ನವನ್ನು ನಾಲ್ಕೈದು ಪುಟದಲ್ಲಿ ಬರೆಯಿರಿ. ಅಳತೆ ಕೊಡಲು ಬಂದ ಹೆಂಗಸರು ಟೇಪು ಹಿಡಿದವಳ ಹತ್ತಿರ ಗಂಡನ ಹತ್ತಿರವೂ ಆಡದ ಮಾತು ಆಡುತ್ತಾರೆ, ಅಲ್ಲವೇ? ಹಳೆಯ ಅಳತೆ ಬ್ಲೌಸ್ ತಂದು "ಇದಕ್ಕಿಂತ ಸ್ವಲ್ಪ ಸಡಿಲ" ಎನ್ನುವಾಗಿನ ಸಂಕೋಚ, ಹಬ್ಬದ ಹಿಂದಿನ ದಿನದ ತರಾತುರಿ, ಇವೆಲ್ಲ ನೀವು ಕಂಡದ್ದು. ಬಟ್ಟೆ ಮೈಮೇಲೆ ಹೇಗೆ ಕೂರುತ್ತದೆ ಎಂದು ಇಷ್ಟು ವರ್ಷ ಮೈಯಿಂದಲೇ ಕಲಿತವರು ನೀವು. ಈ ಕಥೆಯನ್ನು ಬೇರೆ ಯಾವ ಹೊಸ ನಿರ್ದೇಶಕರಿಗಿಂತ ನೀವು ಚೆನ್ನಾಗಿ ಮಾಡಬಲ್ಲಿರಿ ಎಂದು ನನಗೆ ಖಂಡಿತ ಅನ್ನಿಸುತ್ತದೆ. ಕ್ಯಾಮೆರಾಕ್ಕೆ ಹೆಸರಘಟ್ಟದ ಸರ್ಕಾರಿ ಚಲನಚಿತ್ರ ಸಂಸ್ಥೆಯಲ್ಲಿ ಛಾಯಾಗ್ರಹಣ ಕಲಿಯುತ್ತಿರುವ ಯಾರನ್ನಾದರೂ ಕೇಳಿ, ಅವರೂ ಕೆಲಸ ತೋರಿಸಲು ಕಾದಿರುತ್ತಾರೆ. ಅತ್ತೆಯ ಪಾತ್ರಕ್ಕೆ ರಂಗಭೂಮಿಯ ಹಿರಿಯ ನಟಿಯೊಬ್ಬರನ್ನು ಒಪ್ಪಿಸಿ. ಎಡಿಟಿಂಗ್ ಮುಗಿಯುವವರೆಗೂ ಪಕ್ಕದಲ್ಲೇ ಕೂತಿರಿ. ನಿಮಗೆ ತುಂಬ ಇಷ್ಟವಾದ ಶಾಟ್ ತೆಗೆಯಬೇಕಾಗಿ ಬಂದಾಗ ಆಗುವ ಸಂಕಟ ಪುಸ್ತಕ ಓದಿ ಬರುವುದಿಲ್ಲ. ಅದಾದ ಮೇಲೆ ಒಬ್ಬ ನಿರ್ದೇಶಕರ ಬಳಿ ಒಂದು ಚಿತ್ರಕ್ಕೆ, ಸ್ಕ್ರಿಪ್ಟ್ ಚರ್ಚೆಯಿಂದ ಕೊನೆಯ ಧ್ವನಿ ಜೋಡಣೆಯವರೆಗೆ, ಸಹಾಯಕಿಯಾಗಿ ದುಡಿಯಿರಿ. ಕ್ಲಾಪ್ ಹಿಡಿಯುವುದು, ಶಾಟಿನಿಂದ ಶಾಟಿಗೆ ಬಟ್ಟೆ, ವಸ್ತು ಬದಲಾಗದಂತೆ ಕಂಟಿನ್ಯುಟಿ ಬರೆಯುವುದು ಏನೇ ಕೊಟ್ಟರೂ ಮಾಡಿ. ಸಂಬಳ ಕಡಿಮೆ ಸಿಗುತ್ತದೆ, ಆ ತಿಂಗಳುಗಳಿಗೆಂದು ಮಾಡೆಲಿಂಗ್ ದುಡ್ಡಿನಲ್ಲಿ ಒಂದಿಷ್ಟು ಈಗಿಂದಲೇ ತೆಗೆದಿಡಿ.

ಇನ್ನು ವ್ಯವಹಾರದ ಮಾತು. ಮಾಡೆಲಿಂಗ್ ಏಜೆನ್ಸಿ ಜೊತೆ ಕರಾರು ಮಾಡಿಕೊಂಡಿದ್ದರೆ ಸಿನಿಮಾ, ಧಾರಾವಾಹಿಗೂ ಅವರ ಒಪ್ಪಿಗೆ ಬೇಕು, ಅದರಲ್ಲೂ ಕಮಿಷನ್ ಕೊಡಬೇಕು ಎಂಬ ಷರತ್ತು ಇದೆಯೇ ಎಂದು ಓದಿ. ಒಡವೆ, ಸೀರೆ ಜಾಹೀರಾತುಗಳಲ್ಲಿ ಇಂತಿಷ್ಟು ಕಾಲ ಬೇರೆ ಬ್ರಾಂಡಿಗೆ ಕಾಣಿಸಿಕೊಳ್ಳಬಾರದು ಎಂಬ ಕಟ್ಟಳೆ ಇದ್ದರೆ ಅದನ್ನು ನಿರ್ಮಾಪಕರಿಗೆ ಮೊದಲೇ ತಿಳಿಸಿ. ಆಡಿಷನ್ನಿಗೆ ದುಡ್ಡು ಕೇಳುವವರು, ಪೋರ್ಟ್‌ಫೋಲಿಯೊ ನಮ್ಮಲ್ಲೇ ಮಾಡಿಸಿ ಎನ್ನುವವರು, ಹೋಟೆಲ್ ರೂಮಿಗೆ ಒಬ್ಬರೇ ಬನ್ನಿ ಎನ್ನುವವರು, ಇವರ ಜೊತೆ ಎರಡನೆಯ ಮಾತು ಬೇಡ. ಸಿನಿಮಾ ಸೆಟ್ಟೂ ಕೆಲಸದ ಜಾಗವೇ, ಲೈಂಗಿಕ ಕಿರುಕುಳ ತಡೆಯುವ 2013ರ ಕಾಯ್ದೆ ಅಲ್ಲಿಗೂ ಅನ್ವಯಿಸುತ್ತದೆ. ದೂರು ಸಮಿತಿ ಇದೆಯೇ ಎಂದು ಸಹಿ ಹಾಕುವ ಮುಂಚೆ ಕೇಳುವುದು ನಿಮ್ಮ ಹಕ್ಕು. ಆಡಿಷನ್ನಿಗೆ ಕಳಿಸುವಾಗ ಕ್ಯಾಟಲಾಗ್ ಫೋಟೊಗಳ ಕಟ್ಟು ಬೇಡ. ಮೇಕಪ್ ಇಲ್ಲದ ಎರಡು ಫೋಟೊ, ಎದುರಿಗೊಬ್ಬರನ್ನು ಕೂರಿಸಿಕೊಂಡು ಮಾಡಿದ ಎರಡು ನಿಮಿಷದ ಒಂದು ಸೀನ್, ಅದೇ ಸೀನ್ ದಾವಣಗೆರೆ ಮಾತಿನಲ್ಲಿ ಇನ್ನೊಮ್ಮೆ. ಇಷ್ಟು ಸಾಕು.